ಪೂರ್ವಾನುಮತಿ ಇಲ್ಲದ ಪದವಿ

2006ರ ಆಗಸ್ಟ್‌ನಲ್ಲಿ ನಮ್ಮ ನಿಗಮದ ಕುಂದಾಪುರ ಕಚೇರಿಯ ಸಹಾಯಕ ಭೋಜನಿಗೆ ಮೇಲ್ವಿಚಾರಕನಾಗಿ ಬಡ್ತಿ ಸಿಕ್ಕಿತು. ಅದೇ ಕಚೇರಿಯಲ್ಲಿ ಅವನಿಗಿಂತ ನಾಲ್ಕು ವರ್ಷ ಹಿರಿಯನಾದ ನನಗೆ ಸಿಗಲಿಲ್ಲ.

ನನ್ನ ನಿವೃತ್ತಿಗೆ ಉಳಿದದ್ದು ಆರು ವರ್ಷ. ಈ ಬಡ್ತಿ ತಪ್ಪಿದರೆ ಸೇರಿದ ಹುದ್ದೆಯಿಂದಲೇ ಮನೆಗೆ ಹೋಗಬೇಕು.

ಬಡ್ತಿಗೆ ಪದವಿ ಬೇಕೆಂಬುದು ನಿಯಮ. ಇಬ್ಬರಿಗೂ ಪದವಿಯಿತ್ತು. ನಾನು ಪಿಯುಸಿ ಮುಗಿಸಿ ಕೆಲಸಕ್ಕೆ ಸೇರಿ, ಆಮೇಲೆ ಅಂಚೆ ಶಿಕ್ಷಣದಲ್ಲಿ ಬಿ.ಎ. ಮಾಡಿದವನು. ಭೋಜ ಹತ್ತನೇ ತರಗತಿಯಿಂದ ನೇರವಾಗಿ ಮುಕ್ತ ವಿಶ್ವವಿದ್ಯಾಲಯದ ಬಿ.ಎ.ಗೆ ಹಾರಿದವನು. ನಡುವೆ ಪಿಯುಸಿಯೇ ಇಲ್ಲ! ಕೆಳಗೆ ಮನೆಯಿಲ್ಲದೆ ಉಪ್ಪರಿಗೆ ಕಟ್ಟಿದಂತೆ. ಹೈಕೋರ್ಟಿಗೆ ಹೋದೆ.

ವಕೀಲರ ಅಗತ್ಯ ಕಾಣಲಿಲ್ಲ. ತೆಕ್ಕಟ್ಟೆಯ ನಮ್ಮ ಹವ್ಯಾಸಿ ತಾಳಮದ್ದಳೆ ಕೂಟದಲ್ಲಿ ಹನ್ನೆರಡು ವರ್ಷಗಳಿಂದ ಅರ್ಥ ಹೇಳುತ್ತಿದ್ದವನು ನಾನು. ವೇಷವಿಲ್ಲ, ಕುಣಿತವಿಲ್ಲ, ಕುಳಿತಲ್ಲೇ ಮಾತಿನಿಂದ ಎದುರಾಳಿಯನ್ನು ಮಣಿಸುವ ಕಲೆ. ಕೋರ್ಟೆಂದರೆ ಚೆಂಡೆಯಿಲ್ಲದ ಕೂಟ, ಅಷ್ಟೇ ತಾನೆ!

"ಕೋರ್ಟಂಗೆ ಚಪ್ಪಾಳೆ ಹೊಡುಕೆ ಯಾರಾರೂ ಬತ್ರಾ?" ಎಂದು ನನ್ನ ಹೆಂಡತಿ ಗಿರಿಜ ಕೇಳಿದಳು. ಆ ಪ್ರಶ್ನೆಯನ್ನು ಅಪ್ರಸ್ತುತವೆಂದು ತಳ್ಳಿಹಾಕಿದೆ.

ಒಂದು ಸಂಗತಿ ದಾಖಲಾಗಬೇಕು. ಕೂಟದಲ್ಲೂ ನನ್ನ ಎದುರಾಳಿ ಇದೇ ಭೋಜ. ನನ್ನದು ಗೆಲ್ಲುವ ಪಾತ್ರ, ಅವನದು ಸೋಲುವ ಪಾತ್ರ. ಅವನಿಗೆ ಸ್ವಂತ ಮಾತು ಹೊಳೆಯುವುದಿಲ್ಲ. ಎದುರಿನವನು ಸಪ್ಪೆಯಾದರೆ ಗೆದ್ದವನೂ ಸಪ್ಪೆಯೇ. ಆದ್ದರಿಂದ ಪ್ರತಿ ಶನಿವಾರ ಮಧ್ಯಾಹ್ನ ನಮ್ಮ ಜಗಲಿಯಲ್ಲಿ ಅವನನ್ನು ಕೂರಿಸಿ, ಅವನು ನನಗೆ ಕೇಳಬೇಕಾದ ಪ್ರಶ್ನೆಗಳನ್ನು ನಾನೇ ಹೇಳಿಕೊಡುತ್ತಿದ್ದೆ.

ಕೋರ್ಟಿನ ನೋಟೀಸು ತಲುಪಿದ ಮೇಲಿನ ಶನಿವಾರವೂ ಭೋಜ ಬಂದ. ಮುಖದಲ್ಲಿ ಸಿಟ್ಟಿರಲಿಲ್ಲ, ಗಾಬರಿಯಿತ್ತು.

"ಹ್ವಾಯ್ ಸುಬ್ರಾಯಣ್ಣ, ಇದ್ಕೆ ಎಂತ ಉತ್ತರ ಬರ್ಯೂದ್?"

"ನಿಂಗೆ ವಕೀಲ್ರ್ ಇಲ್ಯಾ?"

"ಇದ್ರ್. ನೀವ್ ಬರ್ದದ್ ಓದಿ, 'ಇದ್ಕೆ ಉತ್ತರವೇ ಇಲ್ಲ ಮಾರಾಯಾ' ಅಂದ್ರ್."

ಹೊಗಳಿಕೆಗೆ ಕರಗಿದೆ. ಜೊತೆಗೆ ಆತಂಕವೂ ಆಯಿತು. ಉತ್ತರವೇ ಇಲ್ಲದಿದ್ದರೆ ಕೋರ್ಟಿನಲ್ಲಿ ನಾನು ಮಾತಾಡುವುದಾದರೂ ಏನು?

"ಕೂಕೋ" ಎಂದೆ. "ಪಿಯುಸಿ ಸುದ್ದಿ ಎತ್ತಬ್ಯಾಡ, ಅಲ್ಲಿ ನೀ ಸೋಲ್ತೆ. ನನ್ ಪದವಿ ಬುಡಕ್ಕೇ ಕೈ ಹಾಕ್."

"ಅದ್ರಂಗೆ ಎಂತ ತಪ್ಪಿತ್?"

"ಕೆಲಸದಲ್ಲಿದ್ದವ ಓದ್ಕಾರೆ ಮುಂಚೆ ನಿಗಮದ ಅನುಮತಿ ತಕಣ್ಕ್. ನಾನ್ ತಕಣ್ಲಿಲ್ಲ."

"ನಾ ತಕಂಡಿದೆ! ಕಾಗ್ದ ಇತ್!"

"ನೀ ಎಲ್ಲದಕ್ಕೂ ಹೆದ್ರುವವ, ಅದ್ಕೇ ಇತ್. ಬರ್ಕೋ."

ಈ ಗುಟ್ಟು ಅಲ್ಲಿಯವರೆಗೆ ನನಗೂ ಗಿರಿಜಳಿಗೂ ಮಾತ್ರ ಗೊತ್ತಿತ್ತು. ಒಳಗಿನಿಂದ ಅವಳು ಜೋರಾಗಿ ಕೆಮ್ಮಿದಳು. ಬಿಸಿನೀರು ಕುಡಿಯಲು ಹೇಳಿದೆ. ಮತ್ತೆ ಕೆಮ್ಮಿದಳು. ಒಳಗಿನ ಬಾಗಿಲು ಹಾಕಿಕೊಳ್ಳಲು ಹೇಳಿದೆ.

ಒಂದೂವರೆ ಪುಟ ಹೇಳಿ ಬರೆಸಿದೆ. 'ಬಾಗಿಲು ತಟ್ಟದೆ ಒಳಬಂದವನು ಅತಿಥಿಯಲ್ಲ. ಅನುಮತಿ ಕೇಳದೆ ಪಡೆದ ಪದವಿ ಅರ್ಹತೆಯಲ್ಲ' ಎಂಬ ವಾಕ್ಯವನ್ನು ಎರಡು ಸಲ ತಿದ್ದಿದೆ. ಭೋಜ ಕೈಮುಗಿದು ಹೋದ.

"ನಿಮ್ಗೆ ಮಂಡೆ ಸಮ ಇತ್ತಾ?" ಗಿರಿಜ ಹೊರಬಂದಳು.

"ಹೆದ್ರಬ್ಯಾಡ. ಇದ್ಕೆ ನನ್ನತ್ರ ಉತ್ತರ ಇತ್."

ಇತ್ತು. ಓದಲು ಹೊರಟಾಗ ಅಂದಿನ ಅಧಿಕಾರಿಗಳನ್ನು ಬಾಯಿಮಾತಿನಲ್ಲಿ ಕೇಳಿದ್ದೆ. ಅವರು ಚಹಾ ಕುಡಿಯುತ್ತಿದ್ದರು, ತಲೆಯಾಡಿಸಿದ್ದರು. ಅಧಿಕಾರಿಯ ಮೌನವೇ ಅಪ್ಪಣೆ, ಇನ್ನು ತಲೆಯಾಡಿಸಿದರೆ ಅದು ಶಾಸನ! ಈ ಒಂದು ಅಂಶದ ಮೇಲೆ ಇಪ್ಪತ್ತು ನಿಮಿಷದ ಮಾತು ಸಿದ್ಧಪಡಿಸಿದೆ.

ವಿಚಾರಣೆಗೆ ಇಬ್ಬರೂ ಒಂದೇ ಬಸ್ಸಿನಲ್ಲಿ ಬೆಂಗಳೂರಿಗೆ ಹೋದೆವು. ಭೋಜನ ವಕೀಲರು ಆಕ್ಷೇಪಣೆ ಓದಿದರು. 'ಅತಿಥಿಯಲ್ಲ' ಎಂಬಲ್ಲಿ ತಡವರಿಸಿದರು. ಹಿಂದಿನಿಂದ ಮೆಲ್ಲಗೆ ಹೇಳಿಕೊಟ್ಟೆ.

ನನ್ನ ಸರದಿ ಬಂತು. ಶಾಲು ಸರಿಪಡಿಸಿಕೊಂಡು ಪೀಠಿಕೆ ಎತ್ತಿಕೊಂಡೆ.

"ಅನುಮತಿ ಪತ್ರ ಇದೆಯೇ?" ಎಂದರು ನ್ಯಾಯಾಧೀಶರು.

"ಸ್ವಾಮಿ, ತಲೆಯಾಡಿಸಿದ್ದರು."

"ಕಾಗದ?"

"ಇಲ್ಲ."

ಇಪ್ಪತ್ತು ನಿಮಿಷದಲ್ಲಿ ಹತ್ತೊಂಬತ್ತು ಹಾಗೆಯೇ ಉಳಿಯಿತು!

ಅರ್ಜಿದಾರರೇ ಅರ್ಹರಲ್ಲ, ಆದ್ದರಿಂದ ಪ್ರತಿವಾದಿಯ ಪಿಯುಸಿ ಬಗ್ಗೆ ಪರಿಶೀಲಿಸುವ ಅಗತ್ಯವಿಲ್ಲ, ಅರ್ಜಿ ವಜಾ. ಬಾಗಿಲು ತಟ್ಟುವ ವಾಕ್ಯ ಆದೇಶದಲ್ಲಿ ಅಕ್ಷರಶಃ ಸೇರಿತ್ತು. ಪ್ರತಿವಾದಿಯ ವಾದ 'ಸಮರ್ಥವಾಗಿದೆ' ಎಂದೂ ಬರೆದಿದ್ದರು. ಈ ಮಾತನ್ನು ಗಿರಿಜಳಿಗೆ ಓದಿ ಹೇಳಿದೆ. ಆ ದಿನ ಮನೆಯಲ್ಲಿ ಗಂಜಿಗೆ ಉಪ್ಪಿನಕಾಯಿಯೂ ಇರಲಿಲ್ಲ.

ಕೊನೆಯ ದಾರಿಯೊಂದಿತ್ತು. ಮುಗಿದ ಓದಿಗೆ ಈಗಲಾದರೂ ಅನುಮತಿ ಕೊಡಬೇಕೆಂದು ನಿಗಮಕ್ಕೆ ಅರ್ಜಿ ಹಾಕಿದೆ. ಅದು ಮೇಲ್ವಿಚಾರಕರ ಷರಾದೊಂದಿಗೆ ಮೇಲೆ ಹೋಗಬೇಕು. ಮೇಲ್ವಿಚಾರಕರು ಶನಿವಾರ ಮಧ್ಯಾಹ್ನ ಕಡತ ಕಂಕುಳಲ್ಲಿಟ್ಟುಕೊಂಡು ನಮ್ಮ ಜಗಲಿಗೆ ಬಂದರು.

"ಸುಬ್ರಾಯಣ್ಣ, ಇದ್ರ ಮೇಲೆ ಎಂತ ಬರ್ಯೂದ್?"

ಗಿರಿಜ ಸೌಟು ಹಿಡಿದುಕೊಂಡೇ ಓಡಿಬಂದಳು. "ಭೋಜ, 'ಶಿಫಾರಸು ಮಾಡಿದೆ' ಅಂದ್ ಬರಿ, ಸಾಕ್. ಇವ್ರತ್ರ ಮಾತ್ರ ಕೇಂಬುಕೆ ಹೋಗ್ಬ್ಯಾಡ!"

"ಅಡ್ಡಿಲ್ಲ ಅಕ್ಕ" ಎಂದು ಭೋಜ ಪೆನ್ನು ತೆಗೆದ.

ಎರಡೇ ಪದದ ಷರಾ! ಕಾರಣವಿಲ್ಲ, ಆಧಾರವಿಲ್ಲ, ಪೀಠಿಕೆಯೂ ಇಲ್ಲ. ಕೋರ್ಟಿನ ಆದೇಶದ ಬಗ್ಗೆ ಒಂದು ಮಾತೂ ಇಲ್ಲ.

"ಕೂಕೋ" ಎಂದೆ.

ಕೋರ್ಟಿನ ಆದೇಶವೂ ಸೇರಿ ಷರಾ ಮುಕ್ಕಾಲು ಪುಟವಾಯಿತು. 2009ರ ಮಾರ್ಚ್‌ನಲ್ಲಿ ನಿಗಮವು ಅದನ್ನೇ ಉಲ್ಲೇಖಿಸಿ ನನ್ನ ಅರ್ಜಿಯನ್ನು ತಿರಸ್ಕರಿಸಿತು.