ತೊಟ್ಟಿಲ ಮುಂದೆ ಡಿಎಸ್‌ಎಲ್‌ಆರ್

ನನಗೆ ಎರಡು ವಿಷಯಗಳು ಚೆನ್ನಾಗಿ ಗೊತ್ತು ಎಂದು ನಾನು ಬಹಳ ವರ್ಷ ನಂಬಿದ್ದೆ. ಒಂದು, ಹೆಸರುಗಳ ಮೂಲ. ಇನ್ನೊಂದು, ಫೋಟೋ ತೆಗೆಯುವುದು.

ನರಗುಂದದಲ್ಲಿ ನನ್ನದು ಬೀಜ-ಗೊಬ್ಬರದ ಅಂಗಡಿ. ಹತ್ತಿಬೀಜ ಕೇಳಲು ಬಂದವರಿಗೆ ಅವರ ಊರಿನ ಹೆಸರು ಎಲ್ಲಿಂದ ಬಂತು ಎಂಬುದನ್ನೂ ಬೀಜದ ಜೊತೆ ಉಚಿತವಾಗಿ ಕೊಟ್ಟು ಕಳಿಸುತ್ತಿದ್ದೆ. ರೋಣದವರಿಗೆ ದ್ರೋಣ, ಗಜೇಂದ್ರಗಡದವರಿಗೆ ಆನೆಯಂಥ ಗುಡ್ಡ. ಬಿತ್ತನೆಯ ಗಡಿಬಿಡಿಯಲ್ಲೂ ಎಲ್ಲರೂ ತಾಳ್ಮೆಯಿಂದ ಕೇಳುತ್ತಿದ್ದರು. ಬೀಜದ ಚೀಲ ಇನ್ನೂ ನನ್ನ ಕೈಯಲ್ಲೇ ಇರುತ್ತಿತ್ತಲ್ಲ!

ಫೋಟೋ ವಿದ್ಯೆ ನನಗೆ ಕ್ಯಾಮರಾದ ಜೊತೆಗೇ ಬಂತು. ಗದಗದ ಗೆಳೆಯನೊಬ್ಬ ಸ್ಟುಡಿಯೋ ಮುಚ್ಚುವಾಗ ಮೂಲೆಯಲ್ಲಿ ಬಿದ್ದಿದ್ದ ಹಳೆಯ ಡಿಎಸ್‌ಎಲ್‌ಆರ್ ಒಂದನ್ನು ನನಗೆ ದಾಟಿಸಿದ. ಡಿಜಿಟಲ್ ಕ್ಯಾಮರಾಗಳು ಆಗಷ್ಟೇ ಕಣ್ಣು ಬಿಡುತ್ತಿದ್ದ ಕಾಲದ್ದು. ಹಿಂದಿನ ಪರದೆ ಕಡ್ಡಿಪೆಟ್ಟಿಗೆಯಷ್ಟು. ಒಳಗೆ ಹಾಕುವ ಕಾರ್ಡು ದಪ್ಪ ಬಿಸ್ಕತ್ತಿನಷ್ಟು. ಗುಂಡಿ ಒತ್ತಿದರೆ ಒಳಗಿನ ಕನ್ನಡಿ ಮೇಲೆದ್ದು ‘ಟಪಾಕ್’ ಎನ್ನುತ್ತಿತ್ತು. ಅದನ್ನು ಕೊರಳಿಗೆ ಹಾಕಿಕೊಂಡರೆ ಭಾರಕ್ಕೆ ಎಂಥ ಸೊಕ್ಕಿನ ಮನುಷ್ಯನೂ ತಾನಾಗಿಯೇ ಬಾಗುತ್ತಿದ್ದ.

“ಮೊಬೈಲ್‌ನಾಗ ಇದಕ್ಕಿಂತ ಚಲೋ ಬರ್ತಾವಲ್ರಿ?” ಎಂದಳು ನನ್ನ ಹೆಂಡತಿ ಗಿರಿಜಾ.

“ಮೊಬೈಲ್‌ನಾಗ ಬರೇ ಫೋಟೋ ಬರ್ತಾವ. ಇದರಾಗ ಕಲೆ ಬರ್ತೈತಿ!” ಎಂದೆ. ಅಷ್ಟಕ್ಕೇ ಬಿಡದೆ, ಕ್ಯಾಮರಾ ಎಂಬ ಮಾತಿಗೆ ಮೂಲದಲ್ಲಿ ಕೋಣೆ ಎಂದು ಅರ್ಥ, ಹಿಂದಿಯವರು ಕೋಣೆಗೆ ‘ಕಮರಾ’ ಎನ್ನುವುದೂ ಅದೇ ಬಳಗದ ಮಾತು ಎಂದು ವಿವರಿಸಿದೆ.

“ಹಂಗಾದ್ರ ಅದನ್ನ ಕೋಣ್ಯಾಗ ಇಡ್ರಿ,” ಎಂದು ಆಕೆ ಒಳಗೆ ಹೋದಳು.

ಇಟ್ಟಿದ್ದರೆ ಎಷ್ಟು ಚೆನ್ನಾಗಿತ್ತು!

ಗಿರಿಜಾಳ ತವರು ಗಜೇಂದ್ರಗಡ, ಸೀರೆ ನೇಯುವ ಮನೆತನ. ಅವಳ ತಮ್ಮ ಈರಣ್ಣನಿಗೆ ಚೊಚ್ಚಲು ಹೆಣ್ಣು ಮಗು ಹುಟ್ಟಿತು. ಹೆಸರಿಡುವ ಕಾರ್ಯಕ್ರಮ ಈರಣ್ಣನ ಹೆಂಡತಿ ಸುಧಾಳ ತವರೂರು ರಾಜೂರಿನಲ್ಲಿ. ಈರಣ್ಣ ಗಜೇಂದ್ರಗಡದ ಒಬ್ಬ ಫೋಟೋಗ್ರಾಫರನಿಗೆ ಹೇಳಿಟ್ಟಿದ್ದ. ಸುದ್ದಿ ಕೇಳಿ ನಾನು ಫೋನಿನಲ್ಲೇ ಗದರಿದೆ.

“ಮನ್ಯಾಗ ನಾ ಇರಬೇಕಾದ್ರ ಹೊರಗಿನವ ಯಾಕೋ? ಬ್ಯಾಡ ಅಂತ ಹೇಳಿಬಿಡು.”

“ಮಾಮಾ, ನಿಮಗ ಸುಮ್ನ ತ್ರಾಸು...”

“ತ್ರಾಸು ಏನು ಬಂತು! ಕೂಸಿಗೆ ಹೆಸರಿಡೋ ಗಳಿಗಿ ಒಮ್ಮೆ ಹೋದ್ರ ಮತ್ತ ಬರ್ತೈತೇನು?”

ಆ ಗಳಿಗೆ ಎಷ್ಟು ಸಲ ಬರಲಿದೆ ಎಂಬುದು ನನಗಾಗಲಿ, ಗಿರಿಜಾಳ ಬೆನ್ನಿಗಾಗಲಿ ಆಗ ಗೊತ್ತಿರಲಿಲ್ಲ.

ಬೆನ್ನಿನ ಮಾತು ಏಕೆ ಬಂತೆಂದರೆ, ನಮ್ಮ ಕಡೆ ಮಗುವಿಗೆ ಹೆಸರಿಡುವ ಹಕ್ಕು ಸೋದರತ್ತೆಯದು. ಆಕೆ ತೊಟ್ಟಿಲಿಗೆ ಬಾಗಿ ಮಗುವಿನ ಕಿವಿಯಲ್ಲಿ ‘ಕುರ್ರ್’ ಎಂದು ಹೆಸರು ಹೇಳಬೇಕು. ಹೇಳುವಾಗ ಸುತ್ತ ನಿಂತ ಹೆಂಗಸರು ಆಕೆಯ ಬೆನ್ನಿಗೆ ಗುದ್ದಬೇಕು. ಅದು ತಮಾಷೆಯ ಗುದ್ದು ಎನ್ನುತ್ತಾರೆ, ಗುದ್ದುವವರು. ರಾಜೂರಿನ ಆ ಹೆಂಗಸರೋ ದಿನಾ ಬುಟ್ಟಿ ತುಂಬ ಜೋಳದ ರೊಟ್ಟಿ ಬಡಿಯುವವರು. ಅವರ ಮುಂದಾಳು ಸುಧಾಳ ಚಿಕ್ಕಮ್ಮ ನೀಲವ್ವ. ಆಕೆಯ ಕೈ ನೋಡಿಯೇ ಗಿರಿಜಾ ಸೆರಗನ್ನು ಎರಡು ಮಡಿಕೆ ಮಾಡಿ ಹೊದ್ದುಕೊಂಡಿದ್ದಳು.

ಹೆಸರು ಮೊದಲೇ ಗೊತ್ತಾಗಿತ್ತು: ಸಾನ್ವಿ. ಸುಧಾ ಮೊಬೈಲಿನಲ್ಲಿ ಹುಡುಕಿ ಆರಿಸಿದ್ದು. ಗಿರಿಜಾಳ ತಾಯಿ, ಅಂದರೆ ನನ್ನ ಅತ್ತೆ ಪಾರವ್ವನವರಿಗೆ ಹಿರಿಯರ ಹೆಸರು ಬೇಕಿತ್ತು. ಯಾರೂ ಕಿವಿಗೆ ಹಾಕಿಕೊಂಡಿರಲಿಲ್ಲ.

ನಾನು ಕುರ್ಚಿ ಹತ್ತಿ ನಿಂತು ಆಜ್ಞೆ ಹೊರಡಿಸಿದೆ.

“ಎಲ್ಲಾರೂ ಮೊಬೈಲ್ ಒಳಗಿಡ್ರಿ! ನಡುವ ಕೈ ಚಾಚಿದ್ರ ನನ್ನ ಫೋಟೋ ಕೆಡತಾವ.”

ಪಾಪ, ಎಲ್ಲರೂ ಇಟ್ಟರು.

ಗಿರಿಜಾ ಬಾಗಿದಳು. “ಕುರ್ರ್... ಸಾನ್ವಿ!” ದಬದಬ ಗುದ್ದು ಬಿದ್ದವು. ನಾನು ಗುಂಡಿ ಒತ್ತಿದೆ. ಕ್ಯಾಮರಾ ನಿದ್ದೆ ಹೋಗಿತ್ತು! ಆ ಕಾಲದ ಕ್ಯಾಮರಾವನ್ನು ಸ್ವಲ್ಪ ಹೊತ್ತು ಸುಮ್ಮನೆ ಬಿಟ್ಟರೆ ಮಲಗಿಬಿಡುತ್ತದೆ. ಎಬ್ಬಿಸಿದರೆ ಸಾವಕಾಶವಾಗಿ ಏಳುತ್ತದೆ. ಅದು ಎದ್ದು ‘ಟಪಾಕ್’ ಎನ್ನುವಷ್ಟರಲ್ಲಿ ಗಿರಿಜಾ ನೆಟ್ಟಗೆ ನಿಂತು ಬೆನ್ನು ಸವರಿಕೊಳ್ಳುತ್ತಿದ್ದಳು.

“ಇದು ಲೆಕ್ಕಕ್ಕ ಇಲ್ಲ,” ಎಂದು ಘೋಷಿಸಿದೆ. “ಇನ್ನೊಮ್ಮೆ. ಈಗಿಂದು ಖರೇದು.”

ಗಿರಿಜಾ ನನ್ನನ್ನೊಮ್ಮೆ ನೋಡಿ ಮತ್ತೆ ಬಾಗಿದಳು. ಕುರ್ರ್, ಸಾನ್ವಿ, ದಬದಬ, ಟಪಾಕ್! ಹೆಮ್ಮೆಯಿಂದ ಪರದೆ ನೋಡಿದೆ. ತುಂಬ ಬರೇ ಹಸಿರು ಕುಪ್ಪಸ. ನೀಲವ್ವನವರದು. ತೊಟ್ಟಿಲೂ ಇಲ್ಲ, ಕೂಸೂ ಇಲ್ಲ.

“ನೀಲವ್ವಾರ, ನೀವು ಸ್ವಲ್ಪ ಅತ್ತಾಗ ಸರೀರಿ. ಕೈ ಮ್ಯಾಲೆತ್ತಿ ಗುದ್ರಿ. ಫೋಟೋದಾಗ ಗುದ್ದು ಕಾಣಬೇಕು.”

“ಕಾಣಬೇಕೇನ್ರಿ? ಹಂಗಾದ್ರ ಜೋರಾಗೇ ಹಾಕ್ತೀನಿ ತಗೋರಿ,” ಎಂದು ಅವರು ಸೆರಗು ಸಿಕ್ಕಿಸಿಕೊಂಡರು.

“ಇವು ಯಾವೂ ಲೆಕ್ಕಕ್ಕ ಇಲ್ಲ. ಈಗಿಂದು ಖರೇದು!”

ಈ ಸಲ ಗಿರಿಜಾ ಬಾಗತೊಡಗಿದ ಕೂಡಲೇ ಟಪಾಕ್ ಟಪಾಕ್ ಎಂದು ಒಂದೇ ಸಮನೆ ಒತ್ತಿದೆ. ನಿಜವಾದ ಗುದ್ದು ಬೀಳುವ ಹೊತ್ತಿಗೆ ಕ್ಯಾಮರಾ ನಿಂತುಹೋಯಿತು. ತೆಗೆದ ಫೋಟೋಗಳನ್ನು ಕಾರ್ಡಿಗೆ ಇಳಿಸುತ್ತಿರುವುದರ ಗುರುತಾಗಿ ಕೆಂಪು ದೀಪವೊಂದು ಮಿಣುಕುತ್ತಿತ್ತು.

“ತಡೀರಿ, ತಡೀರಿ! ಅದು ಬರಕೊಳ್ಳಾಕತ್ತೈತಿ!”

“ಏನು, ಕೂಸಿನ ಹೆಸರೇನ್ರಿ?” ಎಂದು ಸುಧಾಳ ತಂದೆ ಶಿವಪ್ಪನವರು ಕುತೂಹಲದಿಂದ ಕೇಳಿದರು.

ದೀಪ ಆರಿತು. ಜೊತೆಗೆ ಬ್ಯಾಟರಿಯೂ ಆರಿತು. ಇನ್ನೊಂದು ಬ್ಯಾಟರಿ ಹಾಕುವಷ್ಟರಲ್ಲಿ ಕೂಸು ಎದ್ದು ಕಿರುಚತೊಡಗಿತು. ಒಳಗಿನಿಂದ ಯಾರೋ, “ಹೋಳಿಗಿ ಆರಾಕತ್ಯಾವ, ಲಗೂ ಮಾಡ್ರಿ!” ಎಂದು ಕೂಗಿದರು. ಗಿರಿಜಾ ಹಲ್ಲು ಕಚ್ಚಿಕೊಂಡು ಪಿಸುಗುಟ್ಟಿದಳು:

“ರೀ, ಇದರ ಮ್ಯಾಲೆ ಇನ್ನೊಮ್ಮೆ ಅಂದ್ರ ನೋಡ್ರಿ ಮತ್ತ.”

“ಇಲ್ಲ ಗಿರಿಜಾ. ಇದ ಕಡೀದು. ಇದ ಖರೇದು.”

ಆಕೆ ಬಾಗಿದಳು. ಕೂಸಿನ ಕಿವಿಗೆ ಬಾಯಿ ತಂದು “ಕುರ್ರ್...” ಎಂದಳು. ಫೋಟೋದಲ್ಲಿ ಚೆನ್ನಾಗಿ ಬರಬೇಕೆಂಬ ಉತ್ಸಾಹದಲ್ಲಿದ್ದ ನೀಲವ್ವ, ಹೆಸರು ಬರುವ ಮೊದಲೇ, ಇಷ್ಟು ಎತ್ತರ ಎತ್ತಿದ್ದ ಕೈಯನ್ನು ಇಳಿಸಿದರು. ಧಡಲ್!

“ಸಾಕವ್ವಾ! ಸಾಕು!” ಎಂದು ಗಿರಿಜಾ ಚೀರಿದಳು.

ಟಪಾಕ್! ಆ ದಿನ ಮೊದಲ ಸಲ ಕ್ಯಾಮರಾ ಸರಿಯಾದ ಹೊತ್ತಿಗೆ ಕೆಲಸ ಮಾಡಿತ್ತು.

ಆ ಚೀರಾಟಕ್ಕೆ ಕೂಸೂ ಅಳು ನಿಲ್ಲಿಸಿತು. ಮೂಲೆಯಿಂದ ಅತ್ತೆ ನಿಧಾನಕ್ಕೆ ಎದ್ದು ಬಂದರು.

“ಏನಂದಿ? ಸಾಕವ್ವ ಅಂದೇನ?” ಅವರ ಕಣ್ಣು ತುಂಬಿದ್ದವು. “ನಮ್ಮ ಅತ್ತಿ ಹೆಸರು! ನನಗ ಮಗ್ಗದ ಮುಂದ ಕುಂಡ್ರೂದು ಕಲಿಸಿದಾಕಿ! ನನ್ನ ಮಗಳಿಗೆ ದೇವರೇ ಬುದ್ಧಿ ಕೊಟ್ಟ ನೋಡ್ರಿ!”

ಸುಧಾಳ ಮುಖ ಬಾಡಿತು. “ಅತ್ತೀ, ಮೊದಲ ಸಾನ್ವಿ ಅಂತ ಹೇಳ್ಯಾರಲ್ರಿ...”

“ಅವು ಲೆಕ್ಕಕ್ಕ ಇಲ್ಲಂತ ಅಳಿಯಾರ ಅಂದಾರ. ಕಡೀದ ಖರೇದು.”

ಎಲ್ಲರೂ ಕುರ್ಚಿಯ ಮೇಲೆ ನಿಂತಿದ್ದ ನನ್ನತ್ತ ತಿರುಗಿದರು. ಶಿವಪ್ಪನವರು ಮಾತು ಕಡಿಮೆಯ ರೈತರು. ತೀರ್ಪಿಗೆ ನಿಂತವರಂತೆ ಕೇಳಿದರು: “ಬೀಗರ, ನೀವು ಹೆಸರಿನ ಮೂಲ ಬಲ್ಲವರು. ಸಾಕವ್ವ ಅಂದ್ರ ಅರ್ಥ ಏನ್ರಿ?”

ಬುದ್ಧಿ ಇದ್ದವನಾದರೆ ಆಗ ಒಂದು ಲೋಟ ನೀರು ಕೇಳುತ್ತಿದ್ದ. ಆದರೆ ಯಾರಾದರೂ ತಾವಾಗಿಯೇ ನನ್ನನ್ನು ಹೆಸರಿನ ಮೂಲ ಕೇಳಿದ್ದು ಅದೇ ಮೊದಲು! ನಾನು ಗಂಟಲು ಸರಿಮಾಡಿಕೊಂಡು, ಹಿಂದಿನ ಕಾಲದಲ್ಲಿ ಹೆಣ್ಣಿನ ಮೇಲೆ ಹೆಣ್ಣು ಹುಟ್ಟಿದಾಗ, ‘ದೇವರೇ, ಇನ್ನು ಹೆಣ್ಣು ಸಾಕು’ ಎಂದು ಬೇಡಿಕೊಂಡು ಈ ಹೆಸರಿಡುತ್ತಿದ್ದರು ಎಂದು ಸವಿವರವಾಗಿ ತಿಳಿಸಿದೆ.

ಶಿವಪ್ಪನವರ ಹುಬ್ಬು ಗಂಟಿಕ್ಕಿತು.

“ನಮ್ಮ ಮಗಳಿಗೆ ಇದು ಮೊದಲನೇ ಕೂಸು,” ಎಂದರು ಶಿವಪ್ಪನವರು. “ಮೊದಲನೇದಕ್ಕ ಸಾಕಾತೇನ್ರಿ ನಿಮಗ?”

ನಾನು ಕುರ್ಚಿಯ ಮೇಲಿಂದಲೇ ಕೈ ಆಡಿಸಿದೆ. “ಹಂಗಲ್ರಿ ಬೀಗರ! ಇನ್ನೊಂದು ಮೂಲಾನೂ ಐತಿ! ಸಾಕು ಅಂದ್ರ ಸಾಕೂದು, ಪ್ರೀತಿಲೆ ಬೆಳೆಸೂದು. ಈಗ ನೋಡ್ರಿ...” ಉದಾಹರಣೆಗಾಗಿ ತಲೆಯೆಲ್ಲ ತಡಕಾಡಿದೆ. “ಸಾಕುನಾಯಿ! ಸಾಕುಕೋಳಿ!”

ಆ ಹೊತ್ತಿನಲ್ಲಿ ನೀಲವ್ವ ಗುದ್ದಲು ನನ್ನ ಬೆನ್ನು ಹುಡುಕಿದ್ದರೆ ಯಾರೂ ತಡೆಯುತ್ತಿರಲಿಲ್ಲ.

ನನ್ನನ್ನು ಉಳಿಸಿದ್ದು ಗಿರಿಜಾ. ಬೆನ್ನು ಹಿಡಿದುಕೊಂಡೇ ಶಿವಪ್ಪನವರ ಮುಂದೆ ಬಂದಳು. “ಕಾಕಾ, ಸಾಕು ಅಂದದ್ದು ಕೂಸಿಗಲ್ರಿ. ಅಲ್ಲಿ ಕುರ್ಚಿ ಮ್ಯಾಲೆ ನಿಂತಾರಲ್ಲ, ಅವರಿಗೆ!”

ಮೊದಲು ನಕ್ಕವರು ನೀಲವ್ವ. ಆಮೇಲೆ ಶಿವಪ್ಪನವರ ಮೀಸೆ ಅಲುಗಿತು. ಸುಧಾ ತನ್ನ ಅತ್ತೆಯ ಒದ್ದೆ ಕಣ್ಣುಗಳನ್ನು ನೋಡಿದಳು, ಕೂಸನ್ನು ನೋಡಿದಳು. “ಸಾಲ್ಯಾಗ ಸಾನ್ವಿ, ಮನ್ಯಾಗ ಸಾಕವ್ವ. ಆತಲ್ರಿ ಅತ್ತೀ?” ಎಂದಳು. ಅತ್ತೆ ಸೊಸೆಯ ಕೆನ್ನೆ ಸವರಿ ಲಟಿಗೆ ಮುರಿದರು. ನಾನು ಕುರ್ಚಿಯಿಂದ ಇಳಿದೆ. ಯಾರೂ ಗಮನಿಸಲಿಲ್ಲ.

ಇನ್ನು ಫೋಟೋಗಳು. ಆ ದಪ್ಪ ಕಾರ್ಡು ಹಿಡಿದುಕೊಂಡು ನರಗುಂದ, ರೋಣ ಎಲ್ಲ ಸುತ್ತಿದೆ. ಅದನ್ನು ಹಾಕಿ ನೋಡುವ ಸಾಧನ ಯಾರ ಹತ್ತಿರವೂ ಇರಲಿಲ್ಲ. ಕಡೆಗೆ ಸಿಕ್ಕಿದ್ದು ಗಜೇಂದ್ರಗಡದಲ್ಲಿ, ನಾನು ಬೇಡವೆಂದು ಹೇಳಿಸಿದ್ದ ಅದೇ ಫೋಟೋಗ್ರಾಫರನ ಅಂಗಡಿಯಲ್ಲಿ! ಆತ ಸಜ್ಜನ. ನಗಲಿಲ್ಲ. ಒಂದೊಂದಾಗಿ ತೋರಿಸಿದ. ನೀಲವ್ವನವರ ಕುಪ್ಪಸ. ನೀಲವ್ವನವರ ಮೊಣಕೈ. ತೊಟ್ಟಿಲ ಹಗ್ಗ. ನನ್ನದೇ ಹೆಬ್ಬೆರಳು. ಎಲ್ಲದರಲ್ಲೂ, ಒಂದೇ ಜಾಗದಲ್ಲಿ, ಒಂದು ಕರಿಯ ಚುಕ್ಕೆ.

“ಒಳಗ ಫೋಟೋ ಹಿಡಿಯೋ ಸೆನ್ಸರ್ ಮ್ಯಾಲೆ ಧೂಳು ಕುಂತೈತ್ರಿ ಸರ. ಇಂಥ ಹಳೇವು ತಾವಾಗೇ ಝಾಡಿಸಿಕೊಳ್ಳೂದಿಲ್ಲ,” ಎಂದ ಆತ.

“ಕಲೆ ಬರ್ತೈತಿ ಅಂದಿದ್ರಿ,” ಎಂದಳು ಪಕ್ಕದಲ್ಲಿದ್ದ ಗಿರಿಜಾ. “ಬಂದೈತಿ ನೋಡ್ರಿ.”

ಸರಿಯಾಗಿ ಬಂದದ್ದು ಒಂದೇ ಒಂದು, ಕಡೆಯದು. ಗಿರಿಜಾಳ ಅಗಲವಾಗಿ ತೆರೆದ ಬಾಯಿ, ಬೆನ್ನ ಮೇಲೆ ನೀಲವ್ವನವರ ಮುಷ್ಟಿ, ಕೆಳಗೆ ಬೆರಗಾಗಿ ಕಣ್ಣರಳಿಸಿದ ಕೂಸು. ಚುಕ್ಕೆ ಸರಿಯಾಗಿ ಕೂಸಿನ ಕೆನ್ನೆಯ ಮೇಲೆ ಕೂತಿತ್ತು. ಅತ್ತೆ ಅದಕ್ಕೆ ಕಟ್ಟು ಹಾಕಿಸಿ ಪಡಸಾಲೆಯಲ್ಲಿ ತೂಗುಹಾಕಿದರು. ಬಂದವರಿಗೆಲ್ಲ, “ದೃಷ್ಟಿಬೊಟ್ಟು ಸೈತ ಇಟ್ಟು ತಗದಾರ ನಮ್ಮ ಅಳಿಯಾರ,” ಎಂದು ಹೇಳುತ್ತಾರೆ. ನಾನು ತಿದ್ದಲು ಹೋಗಿಲ್ಲ.

ಮೊನ್ನೆ ಆ ಕೂಸಿಗೆ ಜವಳ, ಅಂದರೆ ಹುಟ್ಟುಗೂದಲು, ತೆಗೆಸುವ ಕಾರ್ಯಕ್ರಮ. ಈರಣ್ಣ ಕರೆಯಲು ಬಂದವನು ಹೊರಡುವಾಗ, “ಮಾಮಾ, ಖಾಲಿ ಕೈಲೆ ಬರ್ರಿ,” ಎಂದ.

“ಛೇ, ಖಾಲಿ ಕೈಲೆ ಹ್ಯಾಂಗ ಬರೂದೋ?”

“ಕೈ ಮುಗೀತೀನ್ರಿ ಮಾಮಾ. ಖಾಲಿ ಕೈಲೇ ಬರ್ರಿ.”

ಗಜೇಂದ್ರಗಡಕ್ಕೆ ಖಾಲಿ ಕೈಯಲ್ಲೇ ಹೋದೆ. ಊಟಕ್ಕೆ ಕೂತು ಮೊದಲ ಹೋಳಿಗೆ ಮುಗಿಸಿ, ಬಾಯಿ ತುಂಬಿಕೊಂಡೇ ಎರಡನೆಯದಕ್ಕೆ ಎಲೆಯಲ್ಲಿ ಜಾಗ ಮಾಡಿದೆ. ಬಡಿಸುತ್ತಿದ್ದವರು ನೀಲವ್ವ. ತುಪ್ಪ ಜಿನುಗುವ ಹೋಳಿಗೆ ಹಿಡಿದು ನನ್ನ ಎಲೆಯ ಮೇಲೆ ಬಗ್ಗಿದರು. ಅದೇ ಹೊತ್ತಿಗೆ ಹೊಸದಾಗಿ ನಡೆಯಲು ಕಲಿತ ಸಾಕವ್ವ ಅಂಗಳದತ್ತ ಹೊರಟಳು. ನನ್ನ ಬೆನ್ನ ಹಿಂದಿನಿಂದ ಅತ್ತೆ ಗಾಬರಿಯಾಗಿ ಕೂಗಿದರು:

“ಸಾಕೂ! ಏ ಸಾಕು! ಸಾಕು!”

“ಸಾಕಂತ ಇವರಿಗೆ,” ಎಂದು ನೀಲವ್ವ ಹೋಳಿಗೆಯನ್ನು ಪಕ್ಕದವರ ಎಲೆಗೆ ಹಾಕಿ ಮುಂದೆ ಹೋದರು.

ನಾನು ಕೈ ಎತ್ತಿದೆ. ಕರೆದು ನಿಲ್ಲಿಸಬಹುದಿತ್ತು. ಆದರೆ ವಿವರಿಸಬೇಕೆಂದರೆ ಆ ಹೆಸರಿನ ಮೂಲದಿಂದ ಶುರು ಮಾಡಬೇಕಿತ್ತು.

ಎತ್ತಿದ ಕೈಯನ್ನು ಹಾಗೆಯೇ ಮಜ್ಜಿಗೆಗೆ ಒಡ್ಡಿದೆ.