ಮಾಜಿ ಮಂತ್ರಿಗಳ ಕೊನೆಯ ಅರ್ಜಿ

ಮಳೆ ಬರಬಹುದಿತ್ತು. ಮಾವನ ಹಳೇ ಕಾರು ಸಿಗ್ನಲ್ಲಿನಲ್ಲಿ ನಿಂತುಬಿಡಬಹುದಿತ್ತು. ಅಮ್ಮ ಬಾಗಿಲು ತೆಗೆಯದೇ ಇರಬಹುದಿತ್ತು. ತೆಗೆದು, ಮುಖ ನೋಡಿ, ಮತ್ತೆ ಹಾಕಿಕೊಳ್ಳಬಹುದಿತ್ತು. ಮಾವ ಹೊಸ್ತಿಲ ಮೇಲೆ ನಿಂತು ಭಾಷಣ ಶುರುಮಾಡಬಹುದಿತ್ತು. ಇಬ್ಬರಲ್ಲಿ ಒಬ್ಬರಿಗೆ ಬಿಪಿ ಏರಬಹುದಿತ್ತು. ಇಬ್ಬರಿಗೂ ಏರಿದರೆ ಯಾರನ್ನು ಮೊದಲು ಆಸ್ಪತ್ರೆಗೆ ಒಯ್ಯುವುದು? ಭಾನುವಾರ ಡಾಕ್ಟರಾದರೂ ಎಲ್ಲಿ ಸಿಗುತ್ತಾರೆ? ಇದೆಲ್ಲ ಸುಸೂತ್ರವಾಗಿ ದಾಟಿದರೂ, ಕಡೇ ಗಳಿಗೆಯಲ್ಲಿ ಫಿಲ್ಟರಿನಿಂದ ಡಿಕಾಕ್ಷನ್ ಇಳಿಯದೇ ಇರಬಹುದಿತ್ತು!

ಇಷ್ಟನ್ನೂ ನಾನು ಶನಿವಾರವೇ ಒಂದು ಚೀಟಿಯಲ್ಲಿ ಬರೆದಿಟ್ಟುಕೊಂಡಿದ್ದೆ. ಚೀಟಿ ಓದಿದ ನನ್ನ ಹೆಂಡತಿ, ನಮ್ಮ ಮನೆತನಕ್ಕೆ ಇಬ್ಬರು ಮಂತ್ರಿಗಳು, ಒಬ್ಬರು ಮಾಜಿ, ಇನ್ನೊಬ್ಬರು ಚಿಂತೆ ಖಾತೆಯ ಹಾಲಿ ಎಂದಳು.

ಮಾಜಿ ಎಂದರೆ ನನ್ನ ಸೋದರಮಾವ, ಅಮ್ಮನ ಸ್ವಂತ ತಮ್ಮ. ಆ ಭಾನುವಾರ ಅವರು ನಮ್ಮ ಮನೆಗೆ ಬರುವವರಿದ್ದರು. ಬಸವನಗುಡಿಯ ಅವರ ಮನೆಯಿಂದ ಶಂಕರಪುರಂನ ನಮ್ಮ ಮನೆಗೆ ನಡೆದರೆ ಹದಿನೈದು ನಿಮಿಷ. ಅವರಿಗೆ ಇಪ್ಪತ್ತೈದು ವರ್ಷ ಹಿಡಿದಿತ್ತು.

ನಮ್ಮ ಮಾವ ಮಂತ್ರಿಯಾಗಿದ್ದದ್ದು ಒಟ್ಟು ಹನ್ನೊಂದು ತಿಂಗಳು. ಸಂಪುಟದಲ್ಲಿ ಒಂದು ಕುರ್ಚಿ ಉಳಿದಿತ್ತಂತೆ. ಅದರಲ್ಲಿ ಕೂರಲು ಯಾರೂ ಆಕ್ಷೇಪಿಸದ ಒಬ್ಬ ಮನುಷ್ಯ ಬೇಕಾಗಿದ್ದ. ಪ್ರಮಾಣವಚನದ ದಿನ ನಾವೆಲ್ಲ ವ್ಯಾನು ಮಾಡಿಕೊಂಡು ಹೋಗಿ ಹೆಮ್ಮೆಪಟ್ಟೆವು. ಎರಡು ದಿನ ಬಿಟ್ಟು ಖಾತೆ ಹಂಚಿಕೆಯಾಯಿತು: ಮುದ್ರಣ ಮತ್ತು ಲೇಖನ ಸಾಮಗ್ರಿ. ಅಂದರೆ ಬೇರೆ ಮಂತ್ರಿಗಳು ಹೊರಡಿಸುವ ಆದೇಶಗಳನ್ನು ಅಚ್ಚು ಹಾಕಿಸಿ ಕೊಡುವುದು! ಆಮೇಲೂ ಹೆಮ್ಮೆಪಟ್ಟೆವು, ಸ್ವಲ್ಪ ಕಡಿಮೆ.

ಅಧಿಕಾರ ಹೋದರೂ ಅದರ ಅಭ್ಯಾಸಗಳು ಹೋಗಲಿಲ್ಲ. ಹನ್ನೊಂದು ತಿಂಗಳು ಹಾರ ಹಾಕಿಸಿಕೊಂಡ ಕತ್ತು ಇವತ್ತಿಗೂ ಯಾರ ಮನೆ ಬಾಗಿಲು ಕಂಡರೂ ತಾನಾಗಿ ಮುಂದಕ್ಕೆ ಬಾಗುತ್ತದೆ. ರಸ್ತೆಯಲ್ಲಿ ಎದುರು ಬಂದವರಿಗೆಲ್ಲ ಕೈಮುಗಿಯುತ್ತಾರೆ. ಒಮ್ಮೆ ಗಾಂಧಿಬಜಾರಿನ ಸೀರೆ ಅಂಗಡಿಯ ಮುಂದೆ ನಿಲ್ಲಿಸಿದ್ದ ಗೊಂಬೆಗೂ ಮುಗಿದರು. ಅದು ಗೊಂಬೆ ಮಾವ ಎಂದೆ. ಇರಲಿ, ಮುಖ ತಿರುಗಿಸಿಕೊಂಡು ಹೋದರು ಅಂತ ಆಗಬಾರದು ಎಂದರು.

ಆದರೆ ಅವರ ನಿಜವಾದ ಕಾಯಿಲೆ ಬೇರೆಯೇ. ಅವರಿಗೆ ‘ಇಲ್ಲ’ ಎನ್ನಲು ಬರುತ್ತಿರಲಿಲ್ಲ. ಮಾವ ಯಾರಿಂದಲೂ ಒಂದು ಬಾಳೆಹಣ್ಣು ಮುಟ್ಟಿದವರಲ್ಲ, ಅದಕ್ಕೆ ವಿರೋಧ ಪಕ್ಷದವರೇ ಸಾಕ್ಷಿ. ಅರ್ಜಿ ಹಿಡಿದು ಬಂದವರನ್ನು ಕೂರಿಸಿ, ಕಾಫಿ ಕೊಟ್ಟು, ಅರ್ಜಿಯ ಮೂಲೆಯಲ್ಲಿ ಹಸಿರು ಶಾಯಿಯಲ್ಲಿ ‘ಪರಿಶೀಲಿಸಿ’ ಎಂದು ಬರೆದು, ‘ನೋಡೋಣ’ ಎನ್ನುತ್ತಿದ್ದರು. ಆಗುವ ಕೆಲಸಕ್ಕೂ ನೋಡೋಣ, ಆಗದ ಕೆಲಸಕ್ಕೂ ನೋಡೋಣ. ಕೊನೆಗೆ ಅದು ನಾಲಿಗೆಗೆ ಅಂಟಿಕೊಂಡಿತು. ಉಪ್ಪಿಟ್ಟು ಮಾಡಲೇ ಎಂದು ಅತ್ತೆ ಕೇಳಿದರೆ ನೋಡೋಣ. ಇನ್ನೂ ಗಿಡ್ಡ ಮಾಡಲೇ ಸಾರ್ ಎಂದು ಕೇಳಿದ ಕ್ಷೌರದವನಿಗೂ ನೋಡೋಣ. ಪಾಪ, ಅವನು ಕತ್ತರಿ ಕೆಳಗಿಟ್ಟು ಕಾದಿದ್ದನಂತೆ!

ಸರ್ಕಾರ ಬಿತ್ತು, ಮುಂದಿನ ಚುನಾವಣೆಯಲ್ಲಿ ಮಾವನೂ ಬಿದ್ದರು. ಕಚೇರಿ ಖಾಲಿ ಮಾಡುವಾಗ ಬೇರೆಯವರು ಕಾರ್ಪೆಟ್ಟು, ಕುರ್ಚಿ ಎಂದು ನೋಡಿದರೆ ಇವರು ಕೆಲಸವಾಗದೇ ಉಳಿದ ಅರ್ಜಿಗಳ ನಕಲನ್ನೆಲ್ಲ ಗಂಟು ಕಟ್ಟಿ ಮನೆಗೆ ತಂದು ಅಟ್ಟಕ್ಕೆ ಹಾಕಿದರು. ಅತ್ತೆ ಅದರ ಮೇಲೆ ದಸರಾ ಗೊಂಬೆಗಳ ಪೆಟ್ಟಿಗೆ ಇಟ್ಟರು. ರಾಜಕೀಯ ಅಲ್ಲಿಗೆ ಮುಗಿಯಿತು ಎಂದುಕೊಂಡೆವು.

ಮುಗಿದಿರಲಿಲ್ಲ. ಮೂರು ವರ್ಷದ ಹಿಂದೆ, ಎಪ್ಪತ್ತೊಂದು ತುಂಬಿದ ವಾರ, ಮಾವ ಗಂಟು ಇಳಿಸಿದರು. ಪ್ರತಿ ಭಾನುವಾರ ಒಂದೊಂದು ಅರ್ಜಿ ಹಿಡಿದು, ಅದರಲ್ಲಿದ್ದ ವಿಳಾಸ ಹುಡುಕಿಕೊಂಡು ಹೋಗಿ, ಬರೆದವರ ಮುಂದೆ ನಿಂತು ಹೇಳುವುದು: ಈ ಕೆಲಸ ಆಗಲಿಲ್ಲ, ಆಗುವುದಿಲ್ಲ ಅಂತ ನನಗೆ ಅವತ್ತೇ ಗೊತ್ತಿತ್ತು, ಹೇಳಲಿಲ್ಲ, ತಪ್ಪಾಯಿತು. ಓಟು ಕೇಳಲು ಮನೆಮನೆಗೆ ಹೋದವರನ್ನು ನೀವು ನೋಡಿದ್ದೀರಿ. ‘ಇಲ್ಲ’ ಎಂದು ಹೇಳಲು ಮನೆಮನೆಗೆ ಹೋದವರನ್ನು ಕಂಡಿದ್ದೀರಾ? ನಾನು ಕಂಡಿದ್ದೇನೆ. ಕಾರು ಓಡಿಸುತ್ತಿದ್ದವನು ನಾನೇ.

ಹೋದ ಕಡೆಯೆಲ್ಲ ಏಟು ಬೀಳಬಹುದೆಂದು ನಾನು ಎಂಜಿನ್ ಆರಿಸದೇ ಕೂತಿರುತ್ತಿದ್ದೆ. ಚಾಮರಾಜಪೇಟೆಯ ಒಬ್ಬರು ಚರಂಡಿಗೆ ಚಪ್ಪಡಿ ಕೇಳಿದ್ದರು. ಮಾವನ ಮಾತನ್ನೆಲ್ಲ ಕೇಳಿಸಿಕೊಂಡು, ಎಲೆಕ್ಷನ್ ಯಾವಾಗ ಸಾರ್ ಎಂದರು. ವಿ.ವಿ. ಪುರಂನಲ್ಲಿ ಮಗನಿಗೆ ಸರ್ಕಾರಿ ಕೆಲಸ ಕೇಳಿದ್ದವರು ತೀರಿಕೊಂಡಿದ್ದರು. ಮಗ ಅದೇ ಬೀದಿಯಲ್ಲಿ ಹೋಳಿಗೆ ಅಂಗಡಿ ಇಟ್ಟು ನಮ್ಮಿಬ್ಬರನ್ನೂ ಕೊಂಡುಕೊಳ್ಳುವಷ್ಟಾಗಿದ್ದ. ಕೆಲಸ ಕೊಡಿಸದೇ ಉಪಕಾರ ಮಾಡಿದಿರಿ ಎಂದು ಬಿಸಿ ಹೋಳಿಗೆ ಕೊಟ್ಟ. ಮಾವ ತಿಂದರು, ಆದರೆ ಗೆಲುವಾಗಲಿಲ್ಲ.

ಗಾಂಧಿಬಜಾರಿನ ಫುಟ್‌ಪಾತಿನಲ್ಲಿ ಸೊಪ್ಪು ಮಾರುವ ಮುದುಕಿಯೊಬ್ಬಳು ತನ್ನ ಜಾಗಕ್ಕೆ ಮೇಲೊಂದು ಶೀಟು ಕೇಳಿದ್ದಳು. ಅವಳು ಮಾತ್ರ ಮಾವನನ್ನು ಗುರುತು ಹಿಡಿದಳು. ಮೆಂತ್ಯ ಕಟ್ಟುತ್ತಲೇ ಎಲ್ಲ ಕೇಳಿ ಹೇಳಿದಳು:

“ಅಲ್ಲ ಸ್ವಾಮಿ, ಅವತ್ತೇ ಇಲ್ಲ ಅಂದಿದ್ರೆ ಅವತ್ತೇ ಬೈದು ಮುಗಿಸ್ತಿದ್ದೆ. ಆಗಾಕಿಲ್ಲ ಅಂತ ಗೊತ್ತಿದ್ರೆ ಬೇರೆ ಜಾಗ ನೋಡ್ಕೊತಿದ್ದೆ. ನೀವು ನೋಡೋಣ ಅಂದ್ರಿ, ನಾನು ಬಿಸಿಲಾಗೆ ಕಾದೆ.”

ಮಾವ ಮನೆ ಮುಂದೆ ಇಳಿಯುವಾಗ, ಗಂಟಿನಲ್ಲಿ ಇನ್ನೊಂದೇ ಉಳಿದಿದೆ, ಬರೋ ಭಾನುವಾರ ಹೋಗೋಣ ಎಂದರು. ಅಡ್ರೆಸ್ ಎಲ್ಲಿ ಎಂದೆ. ನಿಮ್ಮ ಮನೆ ಎಂದರು.

ಆ ಅರ್ಜಿಯ ಕಥೆ ನನಗೆ ಗೊತ್ತಿತ್ತು. ಅಮ್ಮ ಆಗ ಮಾಗಡಿ ಕಡೆಯ ಒಂದು ಹಳ್ಳಿಯಲ್ಲಿ ಟೀಚರು. ಹೋಗುವಾಗ ಎರಡು ಬಸ್ಸು, ಬರುವಾಗ ಎರಡು. ನಿವೃತ್ತಿಗೆ ನಾಲ್ಕು ವರ್ಷವಿತ್ತು, ಅಪ್ಪನ ಹೃದಯ ಸರಿಯಿರಲಿಲ್ಲ. ನಾನು ಬ್ಯಾಂಕಿನ ಕೆಲಸದ ಮೇಲೆ ಬೇರೆ ಊರಿನಲ್ಲಿದ್ದೆ. ಚಿಂತೆಯನ್ನು ಅಲ್ಲಿಂದಲೇ ಮಾಡುತ್ತಿದ್ದೆ, ಅದಕ್ಕಿಂತ ಹೆಚ್ಚೇನೂ ಮಾಡಲಿಲ್ಲ. ಬೆಂಗಳೂರಿಗೆ ವರ್ಗ ಕೇಳಿ ಅಮ್ಮ ತಮ್ಮನಿಗೆ ಅರ್ಜಿ ಕೊಟ್ಟರು, ಎಲ್ಲರ ಹಾಗೆ ಕ್ಯೂನಲ್ಲಿ ನಿಂತೇ. ಒಡಹುಟ್ಟಿದವರ ಕೆಲಸಕ್ಕೆ ಇನ್ನೊಬ್ಬ ಮಂತ್ರಿಯ ಹತ್ತಿರ ಕೈಚಾಚಬಾರದು ಎಂಬುದು ಮಾವನ ನಿಯಮ. ಒಳ್ಳೆಯ ನಿಯಮವೇ! ಅದನ್ನು ಅಕ್ಕನಿಗೆ ಹೇಳಬೇಕಿತ್ತು, ಅಷ್ಟೆ. ಅವರು ಹಸಿರು ಶಾಯಿಯಲ್ಲಿ ‘ಪರಿಶೀಲಿಸಿ’ ಎಂದು ಬರೆದು, ನೋಡೋಣ ಅಕ್ಕ ಎಂದರು.

ಅರ್ಜಿ ಕೊಟ್ಟ ಎಂಟನೇ ತಿಂಗಳು ಅಪ್ಪ ಹೋದರು, ಸಂಜೆಯ ಹೊತ್ತು, ಮನೆಯಲ್ಲಿ ಒಬ್ಬರೇ. ಅಮ್ಮ ಬರುವಾಗಿನ ಎರಡನೇ ಬಸ್ಸಿನಲ್ಲಿದ್ದರು. ಆಮೇಲೆ ಮದುವೆಮನೆಗಳಲ್ಲಿ ತಮ್ಮ ಎದುರಾದರೆ ಅಮ್ಮ ಪಕ್ಕದವರ ಕಡೆ ತಿರುಗಿ, ಸಚಿವರದು ಊಟ ಆಯಿತೇ ಕೇಳಿ ಎನ್ನುತ್ತಿದ್ದರು.

ಭಾನುವಾರ ಕಾರಿನಲ್ಲಿ ಮಾವನಿಗೆ ನಾನು ಚೀಟಿ ನೋಡಿಕೊಂಡು ಪಾಠ ಹೇಳಿದೆ. ಭಾಷಣ ಬೇಡ. ನಿಯಮ, ಸಿದ್ಧಾಂತ ಬೇಡ. ಸೋಫಾದ ನಡುಮಧ್ಯೆ ಕೂರುವುದು ಬೇಡ. ಎಲ್ಲಕ್ಕೂ ಆಗಲಿ ಎಂದರು. ‘ನೋಡೋಣ’ದ ಬಗ್ಗೆ ನಾನು ಎಚ್ಚರಿಸಲಿಲ್ಲ. ಗಂಟು ಇಳಿಸಿದ ದಿನದಿಂದ ಅವರು, ನಶ್ಯ ಬಿಟ್ಟವರ ಹಾಗೆ, ಆ ಪದ ಬಿಟ್ಟಿದ್ದರು.

ಮಳೆ ಬರಲಿಲ್ಲ. ಕಾರು ನಿಲ್ಲಲಿಲ್ಲ. ಅಮ್ಮ ಬಾಗಿಲು ತೆಗೆದರು. ಮಾವನ ಕತ್ತು ಬಾಗಿತು, ಈ ಸಲ ಅಭ್ಯಾಸಬಲದಿಂದ ಬಾಗಿದ ಹಾಗೆ ನನಗೆ ಕಾಣಲಿಲ್ಲ. ಸೋಫಾದ ತುದಿಯಲ್ಲಿ ಕೂತು ಅರ್ಜಿಯನ್ನು ಟೀಪಾಯಿಯ ಮೇಲಿಟ್ಟರು. ಅಮ್ಮ ಕನ್ನಡಕ ತರಿಸಿಕೊಂಡು ತಮ್ಮದೇ ಅಕ್ಷರವನ್ನು ಮೊದಲಿಂದ ಕೊನೆಯವರೆಗೆ ಓದಿದರು, ಉತ್ತರಪತ್ರಿಕೆ ತಿದ್ದುವವರ ಹಾಗೆ.

“ಇದು ಆಗಲಿಲ್ಲ ಅಕ್ಕ,” ಎಂದರು ಮಾವ. “ನಾನು ಯಾರನ್ನೂ ಕೇಳಲೇ ಇಲ್ಲ. ಕೇಳಲ್ಲ ಅಂತ ನಿನಗೆ ಹೇಳೋ ಧೈರ್ಯ ಬರಲಿಲ್ಲ.”

ಅಮ್ಮ ಕನ್ನಡಕ ತೆಗೆದರು.

“ಅವತ್ತು ಹೇಳಿದ್ರೆ ಆ ಊರಲ್ಲೇ ಒಂದು ಮನೆ ಹಿಡೀತಿದ್ದೆ. ಅವರನ್ನೂ ಕರ್ಕೊಂಡು ಹೋಗ್ತಿದ್ದೆ. ಸ್ಕೂಲಿಂದ ಐದು ನಿಮಿಷಕ್ಕೆ ಮನೇಲಿರ್ತಿದ್ದೆ.”

ನಾನು ಇಬ್ಬರ ಮುಖವನ್ನೂ ನೋಡುತ್ತ, ಯಾರ ಬಿಪಿ ಎಷ್ಟಿರಬಹುದೆಂದು ಅಂದಾಜು ಮಾಡುತ್ತಿದ್ದೆ. ಅಮ್ಮ ಅರ್ಜಿಯನ್ನು ನಾಲ್ಕಾಗಿ ಮಡಿಸಿ ಕನ್ನಡಕದ ಪೆಟ್ಟಿಗೆಯೊಳಗೆ ಇಟ್ಟುಕೊಂಡರು. ಎದ್ದರು. ಅಡುಗೆಮನೆಯ ಬಾಗಿಲಲ್ಲಿ ನಿಂತು, ಈ ಕಡೆ ತಿರುಗದೆ ಕೇಳಿದರು:

“ಹುರುಳಿಕಾಯಿ ಪಲ್ಯ ಮಾಡಿದೀನಿ. ಊಟಕ್ಕಿರ್ತೀಯಾ?”

ಮಾವ ಕಣ್ಣು ಒರೆಸಿಕೊಂಡು, ಕೆಮ್ಮಿ, ಬಾಯಿ ತೆರೆದರು. ಮೂರು ವರ್ಷದ ವ್ರತ ಆ ಒಂದು ಕ್ಷಣದಲ್ಲಿ ಮುರಿದುಬಿತ್ತು.

“ನೋಡೋಣ,” ಎಂದರು.

ನನ್ನ ಚೀಟಿಯಲ್ಲಿ ಇದೊಂದು ಇರಲಿಲ್ಲ. ಮಾವ ಗಾಬರಿಯಿಂದ ಬಾಯಿಗೆ ಕೈ ಅಡ್ಡ ಹಿಡಿದುಕೊಂಡರು. ನಾನು ಕಾರಿನ ಕೀಲಿ ಹುಡುಕಿಕೊಂಡೆ. ಅಡುಗೆಮನೆಯ ಬಾಗಿಲಲ್ಲಿ ಅಮ್ಮನ ಬೆನ್ನು ಒಮ್ಮೆ ಅಲುಗಿತು. ಅಳುವೋ ನಗುವೋ, ಹಿಂದಿನಿಂದ ತಿಳಿಯಲಿಲ್ಲ.

“ನೋಡೋದೇನೂ ಇಲ್ಲ,” ಎಂದರು ಅಮ್ಮ. “ಎಲೆ ಹಾಕಾಗಿದೆ. ಕೈ ತೊಳ್ಕೊಂಡು ಬಾರೋ.”