ಲಾಸಿಲ್ಲದ ಹಾಡು

ನಮ್ಮ ಕಾಕಾನ ಮನೆಗೆ ಹೋಗುವವರು ಉಸಿರನ್ನೂ ಚಪ್ಪಲಿಯ ಜೊತೆ ಹೊರಗೇ ಬಿಟ್ಟು ಹೋಗಬೇಕು! ಬೆಟಗೇರಿಯ ಈ ಮಹಾನುಭಾವರು ಒಳಗೆ ಹಾಡು ಕೇಳುತ್ತಿರುತ್ತಾರೆ. ಅಂತಿಂಥ ಹಾಡಲ್ಲ; ಅವರ ಮಗಳು ಗೆಳತಿಯರನ್ನು ಕಟ್ಟಿಕೊಂಡು, ಗಿಟಾರು ಡ್ರಮ್ಮು ಬಾರಿಸಿ, ಇದೇ ಮನೆಯ ಪಡಸಾಲೆಯಲ್ಲಿ ರೆಕಾರ್ಡ್ ಮಾಡಿದ ಇಂಡಿ ರಾಕ್ ಆಲ್ಬಮ್. ಆಗಿನ್ನೂ ಕಾಕು, ನಮ್ಮ ಚಿಕ್ಕಮ್ಮ, ಬದುಕಿದ್ದರು.

"ಇಂಡಿ ಅಂದ್ರ ಲಿಂಬಿಹಣ್ಣಿನ ಊರಲ್ಲೇನ್ರಿ? ಅಲ್ಲಿ ಹಾಡೂ ಬೆಳೀತಾರ?" ಎಂದರು ಲಕ್ಷ್ಮೇಶ್ವರದಿಂದ ಬಂದ ಬೀಗರು. ಅವರದು ಕಾಳಿನ ವ್ಯಾಪಾರ.

"ಊರಲ್ಲರಿ, ಯಾವ ಕಂಪನಿ ಹಂಗೂ ಇಲ್ದ ತಾವ ಮಾಡಿದ ಹಾಡು. ಅದೂ ಲಾಸ್‌ಲೆಸ್!"

ಬೀಗರು ನೆಟ್ಟಗೆ ಕುಳಿತರು. "ಲಾಸ ಇಲ್ಲದ ಧಂದೆ? ನಮ್ಮನ್ನೂ ಪಾಲಿಗೆ ಹಚ್ಚಿಕೊಳ್ರಿ!"

ಕಾಕಾ ಹಣೆ ಚಚ್ಚಿಕೊಂಡು ಬಿಡಿಸಿ ಹೇಳಿದರು. "ಫೋನಿನ್ಯಾಗ ಬರೋ ಹಾಡು ಹಗರ ಆಗ್ಲಿ ಅಂತ ಸಣ್ಣಸಣ್ಣ ಸಪ್ಪಳ ತೂರಿ ಒಗೀತಾರ. ಇದರಾಗ ಹೊಟ್ಟು ಸಹಿತ ಹಂಗ ಐತಿ."

"ಹೊಟ್ಟು ಇಟ್ಕೊಂಡು ಏನ್ ಮಾಡ್ತೀರಿ?"

ವ್ಯಾಪಾರಸ್ಥರ ಪ್ರಶ್ನೆ, ನ್ಯಾಯವಾದದ್ದೇ. ಕಾಕಾ ಎದ್ದು ಹಾಡು ಹಚ್ಚಿದರು.

ಹಾಡು ಶುರುವಾದರೆ ಫ್ಯಾನ್ ಬಂದ್. ನಮ್ಮ ಗದಗಿನ ಬೇಸಿಗೆಯಲ್ಲಿ! ಬೆವರು ಒರೆಸಿಕೊಂಡರೂ "ಟಾವೆಲ್ ಸಪ್ಪಳ ಮಾಡಬ್ಯಾಡ್ರಿ" ಎನ್ನುತ್ತಾರೆ. ನಾನೊಮ್ಮೆ ಶಿರಹಟ್ಟಿಯಿಂದ ಬಸ್ಸಿಳಿದು, ಹಸಿದು, ಗಿರ್ಮಿಟ್ ಪೊಟ್ಟಣ ಬಿಚ್ಚಿದೆ. ಒಂದೇ ತುತ್ತಿಗೆ ಕಾಕಾನ ಕಣ್ಣು ಕೆಂಡ.

"ಚುರುಮುರಿ ಕರಂ ಕರಂ ಅಂತಾವಲೇ! ಉಪ್ಪಿಟ್ಟು ತಂದಿದ್ರ ಏನಾಕ್ಕಿತ್ತು? ಅದು ಸಪ್ಪಳಿಲ್ದ ಒಳಗ ಹೋಗ್ತೈತಿ!"

ಉಪ್ಪಿಟ್ಟಿಗೆ ಇಂಥ ಹೊಗಳಿಕೆ ಇನ್ನೆಲ್ಲಾದರೂ ಸಿಕ್ಕಿದೆಯೇ?

ನಿಜವಾದ ಪರೀಕ್ಷೆ ಮೂರನೇ ಹಾಡಿನಲ್ಲಿ. ಹೆಡ್‌ಫೋನನ್ನು ನಮ್ಮ ತಲೆಗೆ ಸಿಕ್ಕಿಸಿ, ನಮ್ಮ ಮುಖವನ್ನೇ ನೋಡುತ್ತಾ ಕೂರುತ್ತಾರೆ. "ಈಗ! ಕೇಳಿಸ್ತೇನು?"

"ಕೇಳಿಸ್ತರಿ."

"ಏನು?"

"ಗಿಟಾರು."

ಕಾಕಾನ ಮುಖ ಬಾಡುತ್ತದೆ. ಬೀಗರು ಡ್ರಮ್ಮು ಎಂದು ಫೇಲಾದರು. ಹಾಲಿನವನು "ಭಾರೀ ಐತ್ರಿ" ಎಂದು ಓಡಿಹೋಗಿ ಪಾರಾದ. ಒಬ್ಬರಾದರೂ ಪಾಸಾಗಲಿ ಎಂದು ಕಾಕಾ ಕಾಯುತ್ತಲೇ ಇದ್ದರು.

ಮೊನ್ನೆ ಮಧ್ಯಾಹ್ನ ಹೋದಾಗ ಕರೆಂಟು ಹೋಯಿತು. ಓಣಿಯ ಮಗ್ಗ, ಮಿಕ್ಸರು, ಬೋರಿನ ಮೋಟಾರು ಎಲ್ಲವೂ ಗಪ್‌ಚಿಪ್. ಹಾಡಿನ ಪೆಟ್ಟಿಗೆ ಬ್ಯಾಟರಿಯದು; ಕಾಕಾ ಖುಷಿಯಿಂದ ನನ್ನ ತಲೆಗೆ ಹೆಡ್‌ಫೋನ್ ಹಾಕಿದರು. ಮೂರನೇ ಹಾಡು. ಗಿಟಾರು ಒಂದು ಗಳಿಗೆ ನಿಂತಿತು. ಹಿಂದೆ, ದೂರದಲ್ಲಿ, ತಪ್ ತಪ್ ತಪ್.

"ಕಾಕಾ, ಒಳಗ ಯಾರೋ ರೊಟ್ಟಿ ಬಡಿಯಾಕತ್ತಾರ!"

ಹೆಡ್‌ಫೋನ್ ಕಿತ್ತು ಅಡುಗೆಮನೆಯತ್ತ ತಿರುಗಿದೆ. ಬಾಗಿಲು ಮುಚ್ಚಿತ್ತು. ಕಾಕು ಹೋದಂದಿನಿಂದ ಈ ಮನೆಗೆ ರೊಟ್ಟಿ ಬರುವುದು ಅಂಗಡಿಯಿಂದ. ಹೆಡ್‌ಫೋನನ್ನು ಮತ್ತೆ ಕಿವಿಗೊತ್ತಿಕೊಂಡೆ.

ಕಾಕಾ ನಗುತ್ತಿದ್ದರು, ಕಣ್ಣು ತುಂಬಿತ್ತು.

"ರೆಕಾರ್ಡಿಂಗ್ ನಡದೈತಿ, ರೊಟ್ಟಿ ಬಡಿಯೂದು ನಿಲ್ಸು ಅಂತ ಆವತ್ತು ಎಷ್ಟು ಒದರಿದ್ದೆ ತಮ್ಮಾ. 'ಹುಡುಗ್ಯಾರು ಉಪಾಸ ಹಾಡ್ಬೇಕೇನು?' ಅಂದ್ಳು ನಿಮ್ಮ ಕಾಕು. ಪುಣ್ಯಾಕ, ನನ್ನ ಮಾತು ಕೇಳಲಿಲ್ಲ ನೋಡು."